ಕಥೆಯನ್ನು ಒಯ್ದಿರಿ, ಹಾಡನ್ನು ಬಿಟ್ಟಿರಿ

ಇವರಿಗೆ,
ಕನ್ನಡ ಚಿತ್ರರಂಗದ ನಿರ್ಮಾಪಕರು, ನಿರ್ದೇಶಕರು ಹಾಗೂ ಚಿತ್ರಕಥಾ ಲೇಖಕರು

ವಿಷಯ: ನಾಟಕ, ಕಾವ್ಯಗಳನ್ನು ತೆರೆಗೆ ತರುವಾಗ ಮೂಲಕ್ಕೆ ಕೊಡಬೇಕಾದ ಮರ್ಯಾದೆ

ಮಾನ್ಯರೇ,

ನಮಸ್ಕಾರ. ನಾನು ಪದವಿಪೂರ್ವ ಕಾಲೇಜಿನಲ್ಲಿ ಕನ್ನಡ ಪಾಠ ಹೇಳಿ ನಿವೃತ್ತನಾದವನು. ಪಾಠದ ಜೊತೆಜೊತೆಗೇ ಊರಿನ ಹವ್ಯಾಸಿ ತಂಡವೊಂದರಲ್ಲಿ ನಾಟಕ ಆಡಿಸುತ್ತ ಬಂದಿದ್ದೇನೆ. ನಮ್ಮ ತಂಡ ‘ಕೆರೆಗೆ ಹಾರ’ ಕಥನಗೀತೆಯನ್ನು ರಂಗಕ್ಕೆ ತಂದಾಗ ಅದನ್ನು ನೋಡಿ ಮೆಚ್ಚಿದ ಚಿತ್ರತಂಡವೊಂದು ಸಿನಿಮಾ ಮಾಡುತ್ತೇವೆಂದು ಮುಂದೆ ಬಂತು. ನನ್ನನ್ನು ಭಾಷಾ ಸಲಹೆಗಾರನೆಂದು ಕರೆಸಿಕೊಂಡರು. ಕಥೆಯ ಚರ್ಚೆಯಿಂದ ಹಿಡಿದು ಡಬ್ಬಿಂಗ್‌ವರೆಗೆ ನಾನು ಅಲ್ಲಿದ್ದೆ. ಕಂಡದ್ದನ್ನು ನಿಮ್ಮೆಲ್ಲರ ಮುಂದೆ ಇಡಬೇಕೆನ್ನಿಸಿ ಈ ಪತ್ರ ಬರೆಯುತ್ತಿದ್ದೇನೆ. ಆ ತಂಡದ ಹೆಸರನ್ನಾಗಲಿ ಚಿತ್ರದ ಹೆಸರನ್ನಾಗಲಿ ಹೇಳುವುದಿಲ್ಲ. ಅವರು ಕೆಟ್ಟವರೇನಲ್ಲ. ಹೊತ್ತು ಹೊತ್ತಿಗೆ ಊಟ ಹಾಕಿಸಿದರು, ಒಪ್ಪಿದ ಸಂಭಾವನೆ ಕೊಟ್ಟರು, ‘ಮೇಷ್ಟ್ರೇ’ ಎಂದು ಗೌರವದಿಂದಲೇ ಮಾತನಾಡಿಸಿದರು. ನನ್ನ ದೂರು ಇರುವುದು ಒಂದು ಪದ್ಧತಿಯ ಮೇಲೆ. ಬೇರೆ ಬೇರೆ ಚಿತ್ರಗಳಿಗೆ ದುಡಿದ ರಂಗಭೂಮಿಯ ಗೆಳೆಯರನ್ನು ಕೇಳಿದರೂ ಇದೇ ಹಾಡು ಹಾಡುತ್ತಾರೆ.

‘ಕೆರೆಗೆ ಹಾರ’ ನಿಮಗೆ ಗೊತ್ತಿರುವುದೇ. ಶಾಲೆಯ ಪುಸ್ತಕದಲ್ಲಿ ಓದಿದವರಿದ್ದಾರೆ, ಅಜ್ಜಿಯ ಬಾಯಲ್ಲಿ ಕೇಳಿದವರಿದ್ದಾರೆ. ಕಲ್ಲನಕೇರಿಯ ಮಲ್ಲನಗೌಡ ಕೆರೆ ಕಟ್ಟಿಸುತ್ತಾನೆ, ನೀರು ಬರುವುದಿಲ್ಲ. ಸೊಸೆಯನ್ನು ಕೆರೆಗೆ ಹಾರ, ಎಂದರೆ ಬಲಿ, ಕೊಡಬೇಕೆಂದು ಹೊತ್ತಿಗೆ ತೆರೆದು ಶಾಸ್ತ್ರ ನೋಡಿದವರು ಹೇಳುತ್ತಾರೆ. ಹಿರಿಯ ಸೊಸೆಯನ್ನು ಕೊಟ್ಟರೆ ಮನೆಯ ಹಿರಿತನಕ್ಕೆ ಯಾರು ಎಂದು ಲೆಕ್ಕ ಹಾಕಿ ಕಿರಿಯ ಸೊಸೆ ಭಾಗೀರಥಿಯನ್ನು ಆರಿಸುತ್ತಾರೆ. ಅವಳು ತವರಿಗೆ ಹೋಗುತ್ತಾಳೆ. ಯಾಕೆ ಕಣ್ಣೀರು ಎಂದು ಅಪ್ಪ ಕೇಳಿದರೆ, ಅತ್ತೆ ಮಾವ ಬೇರೆ ಇಡುತ್ತಾರಂತೆ ಎಂದು ಸುಳ್ಳು ಹೇಳುತ್ತಾಳೆ. ಅಪ್ಪ ಹೊಲ ಮನೆ ಕೊಡುತ್ತೇನೆನ್ನುತ್ತಾನೆ, ಅವ್ವ ಒಡವೆ ಮಾಡಿಸುತ್ತೇನೆನ್ನುತ್ತಾಳೆ. ನಿಜ ಹೇಳುವುದು ಗೆಳತಿಯೊಬ್ಬಳಿಗೆ ಮಾತ್ರ. ಆ ಗೆಳತಿಯೂ ತಡೆಯುವುದಿಲ್ಲ; ಕೊಟ್ಟರೆ ಕೊಡಲಿ, ಇಟ್ಟ ಹಾಗೆ ಇರಬೇಕು ಎಂದುಬಿಡುತ್ತಾಳೆ. ಗಂಗೆಯ ಪೂಜೆ ಮುಗಿಸಿ ಎಲ್ಲರೂ ಹೊರಟ ಮೇಲೆ, ಮರೆತು ಬಂದ ಬಂಗಾರದ ಬಟ್ಟಲನ್ನು ತರಲು ಅವಳೊಬ್ಬಳನ್ನೇ ಹಿಂದಕ್ಕೆ ಕಳಿಸುತ್ತಾರೆ. ಅವಳು ಮೆಟ್ಟಿಲು ಹತ್ತಿದಂತೆಲ್ಲ ನೀರೂ ಹತ್ತುತ್ತದೆ. ದಂಡಿನಲ್ಲಿದ್ದ ಗಂಡ ಮಾದೇವರಾಯ ಕೆಟ್ಟ ಕನಸು ಕಂಡು ಕುದುರೆ ಏರಿ ಬರುತ್ತಾನೆ. ಬರುವ ಹೊತ್ತಿಗೆ ಮುಗಿದಿರುತ್ತದೆ. ಅವನೂ ಅದೇ ಕೆರೆಗೆ ಹಾರುತ್ತಾನೆ.

ರಂಗದ ಮೇಲೆ ನಾವು ಕೆರೆ ಕಟ್ಟಿರಲಿಲ್ಲ. ಒಂದು ಇಳಕಲ್ ಸೀರೆಯನ್ನು ಉದ್ದಕ್ಕೆ ಬಿಚ್ಚಿ, ಎರಡು ತುದಿಯಲ್ಲಿ ಇಬ್ಬಿಬ್ಬರು ಹುಡುಗಿಯರು ಹಿಡಿದು ನೆಲಕ್ಕೆ ತಾಗಿಸಿಕೊಂಡು ನಿಂತಿದ್ದರು. ಮೇಳದವರು ಒಂದೊಂದು ಮೆಟ್ಟಿಲಿನ ಸಾಲು ಹಾಡಿದಾಗಲೂ ಸೀರೆ ಒಂದಿಷ್ಟು ಮೇಲೇರುತ್ತಿತ್ತು. ಪಾದ ಮುಚ್ಚಿತು, ಮೊಣಕಾಲು ಮುಚ್ಚಿತು, ನಡು ಮುಚ್ಚಿತು. ಸಾಲು ಅದೇ, ಧಾಟಿ ಅದೇ, ಬದಲಾಗುವುದು ಮೈಯ ಅಳತೆ ಮಾತ್ರ. ಮೂರನೆಯ ಸಲ ಅದೇ ಸಾಲು ಬಂದಾಗ ಮುಂದೇನು ಎಂದು ಎಲ್ಲರಿಗೂ ತಿಳಿದಿರುತ್ತದೆ, ತಿಳಿದೂ ಕಾಯಬೇಕಾಗುತ್ತದೆ. ಊರ ಹಬ್ಬಗಳಲ್ಲಿ ಆಡಿದಾಗ, ಅಲ್ಲಿಯವರೆಗೆ ಕಡಲೆಕಾಯಿ ಬಿಡಿಸುತ್ತ ಕೂತವರ ಕೈ ಆ ಜಾಗದಲ್ಲಿ ನಿಲ್ಲುವುದನ್ನು ನಾನು ಪರದೆಯ ಪಕ್ಕದಿಂದ ನೋಡಿದ್ದೇನೆ.

ಕಥೆಯ ಚರ್ಚೆಯಲ್ಲಿ ಮೊದಲು ಬಿದ್ದದ್ದು ಈ ಜಾಗವೇ. “ಒಂದೇ ಮಾತನ್ನು ಐದು ಸಲ ಹೇಳಿದರೆ ಲ್ಯಾಗ್ ಆಗುತ್ತದೆ ಮೇಷ್ಟ್ರೇ, ಇಂದಿನ ಪ್ರೇಕ್ಷಕ ಮೊಬೈಲ್ ತೆಗೆದುಬಿಡುತ್ತಾನೆ” ಎಂದರು. ಐದು ಮೆಟ್ಟಿಲು ಒಂದಾಯಿತು. ಅಣೆಕಟ್ಟಿನ ಬಾಗಿಲು ತೆರೆದಂತೆ ಗ್ರಾಫಿಕ್ಸ್ ನೀರು ನುಗ್ಗಿ ಬರುವುದೆಂದು ನಿರ್ಧಾರವಾಯಿತು. ಆಮೇಲೆ ಗೆಳತಿ ಹೋದಳು. ಅವಳಿಂದ ಕಥೆ ಮುಂದಕ್ಕೆ ಹೋಗುವುದಿಲ್ಲವಂತೆ. ಅಪ್ಪ, ಅವ್ವ ಒಂದೇ ದೃಶ್ಯದಲ್ಲಿ ಸೇರಿದರು. ಮಲ್ಲನಗೌಡನ ಮನೆಯವರೆಲ್ಲ ಸೇರಿ ತೆಗೆದುಕೊಂಡ ತೀರ್ಮಾನ ದುಷ್ಟ ಜ್ಯೋತಿಷಿಯೊಬ್ಬನ ಒಳಸಂಚಾಯಿತು. ಕೊನೆಗೆ ಮಾದೇವರಾಯನ ಕುದುರೆ ಸರಿಯಾದ ಹೊತ್ತಿಗೇ ಬಂದು ತಲುಪಿತು. ಹೊಡೆದಾಟ ಮುಗಿಸಿ ಅವನು ಹೆಂಡತಿಯನ್ನು ಮೇಲೆತ್ತುತ್ತಾನೆ. ಕೆರೆಗೆ ನೀರು ಹೇಗೆ ಬಂತು ಎಂದು ಕೇಳಿದೆ. “ಮಳೆ ಬರಿಸೋಣ” ಎಂದರು.

ಅವಳನ್ನು ಬದುಕಿಸಿದ್ದಕ್ಕೆ ನನ್ನ ತಕರಾರಿಲ್ಲ. ಹೆಣ್ಣೊಬ್ಬಳ ಬಲಿಯನ್ನು ತ್ಯಾಗವೆಂದು ಹಾಡಿ ಹೊಗಳುವುದು ಬೇಡ ಎಂದು ಯಾರಾದರೂ ವಾದಿಸಿದ್ದರೆ ಕೂತು ಕೇಳುತ್ತಿದ್ದೆ. ನಮ್ಮ ತಂಡದ ಹುಡುಗಿಯರೇ ತಾಲೀಮಿನಲ್ಲಿ ಆ ಜಗಳ ತೆಗೆದಿದ್ದರು, ನಾಟಕದ ಕೊನೆಯನ್ನು ಅದಕ್ಕೆ ತಕ್ಕಂತೆ ತಿದ್ದಿಯೂ ಇದ್ದೆವು. ಅಲ್ಲಿ ನಡೆದ ಚರ್ಚೆ ಆ ಬಗೆಯದಲ್ಲ. ನಾಯಕನಿಗೆ ಕೊನೆಯಲ್ಲಿ ಕೆಲಸ ಬೇಕಿತ್ತು, ಅಷ್ಟೇ. ಮನೆಯವರೇ, ಪ್ರೀತಿಸುವವರೇ, ಊರಿನ ಒಳಿತಿಗೆಂದು ಒಬ್ಬಳನ್ನು ಸದ್ದಿಲ್ಲದೆ ಆರಿಸಿ ಕಳಿಸುತ್ತಾರೆಂಬುದು ಆ ಹಾಡಿನ ಜೀವ. ಖಳನಾಯಕನೊಬ್ಬ ಬಂದ ಕೂಡಲೇ ಮಿಕ್ಕವರೆಲ್ಲ ಕೈ ತೊಳೆದುಕೊಂಡು ನಿರ್ದೋಷಿಗಳಾಗುತ್ತಾರೆ. ಹಳೆಯ ಹಾಡು ಇಂದಿನ ಸಿನಿಮಾಕ್ಕಿಂತ ಹೆಚ್ಚು ದಿಟ್ಟವಾಗಿತ್ತು ಎಂದು ಆ ಮೇಜಿನ ಮುಂದೆ ಹೇಳಿದೆ. ನಕ್ಕು ಚಹಾ ತರಿಸಿದರು.

ಹಾಡಿನ ಕಥೆ ಇನ್ನೊಂದು. ನಮ್ಮ ನಾಟಕಕ್ಕೆ ಧಾಟಿ ಕಲಿಸಿದವರು ಹಳ್ಳಿಯ ಕೆಲವು ಹಿರಿಯ ಹೆಂಗಸರು. ಬೀಸುವ ಕಲ್ಲು ಹೋಗಿ ಗಿರಣಿ ಬಂದರೂ ಹಾಡನ್ನು ಬಿಡದೆ ಉಳಿಸಿಕೊಂಡವರು. ಚಿತ್ರತಂಡದವರು ಅವರ ಅಂಗಳಕ್ಕೆ ಹೋಗಿ ಮೊಬೈಲಿನಲ್ಲಿ ಹಾಡು ಹಿಡಿದುಕೊಂಡು ಬಂದರು. ಸ್ಟುಡಿಯೋದಲ್ಲಿ ಕೋರಸ್ ಗಾಯಕಿಯರು ಅದನ್ನು ಹಾಡಿದರು, ತಾಳ ಬಿಗಿಯಾಯಿತು, ನಡುನಡುವೆ ಹೊಸ ಸಾಲುಗಳು ಸೇರಿದವು. ತೆರೆಯ ಮೇಲೆ ಸಾಹಿತ್ಯ ಎಂಬಲ್ಲಿ ಹೊಸ ಸಾಲು ಬರೆದವರ ಹೆಸರಿದೆ. ಆ ಹೆಂಗಸರ ಹೆಸರು ಕೊನೆಯ ಕೃತಜ್ಞತೆಯ ಪಟ್ಟಿಯಲ್ಲೂ ಇಲ್ಲ. ಚಿತ್ರೀಕರಣಕ್ಕೆ ಮನೆ ಬಿಟ್ಟುಕೊಟ್ಟವರ, ಜನರೇಟರ್ ಬಾಡಿಗೆಗೆ ಕೊಟ್ಟವರ ಹೆಸರಿದೆ. ಹಣದ ಮಾತು ಯಾರ ಬಾಯಿಂದಲೂ ಬರಲಿಲ್ಲ. ಜನಪದ ಹಾಡಿಗೆ ಯಾರೂ ಒಡೆಯರಿಲ್ಲ ಎಂಬುದು ಸರಿ. ಒಡೆಯರಿಲ್ಲದ್ದು ಎಂದ ಮಾತ್ರಕ್ಕೆ ಹೇಳಿಕೊಟ್ಟವರೂ ಇಲ್ಲ ಎಂದಾಗುತ್ತದೆಯೇ?

ಡಬ್ಬಿಂಗ್‌ನಲ್ಲಿ ನನ್ನ ಕೆಲಸ ಉಚ್ಚಾರ ತಿದ್ದುವುದಾಗಿತ್ತು. ನಾಯಕಿಗೆ ಕನ್ನಡ ಬಾರದು, ಅದು ಅವರ ತಪ್ಪಲ್ಲ. ಚಿತ್ರೀಕರಣದಲ್ಲಿ ಅವರು ಇಂಗ್ಲಿಷ್ ಲಿಪಿಯಲ್ಲಿ ಬರೆದುಕೊಂಡ ಸಂಭಾಷಣೆಯನ್ನು ತುಟಿಗೆ ತಂದಿದ್ದರು. ಆ ತುಟಿಗೆ ಹೊಂದುವಂತೆ ಬೇರೊಬ್ಬ ಕಲಾವಿದೆ ಧ್ವನಿ ಕೊಡಬೇಕಿತ್ತು. ತವರಿನಲ್ಲಿ ಅಪ್ಪನಿಗೆ ಸುಳ್ಳು ಹೇಳುವ ಜಾಗ ಬಂತು. ಹೇಳುವ ಮೊದಲು ಒಂದು ಉಸಿರು ನಿಲ್ಲಬೇಕು. ಅವಳು ಸುಳ್ಳನ್ನು ಆಗಷ್ಟೇ ಹುಡುಕಿಕೊಳ್ಳುತ್ತಿದ್ದಾಳೆ. ತೆರೆಯ ಮೇಲೆ ತುಟಿ ಆಗಲೇ ಅಲುಗಾಡಿಬಿಟ್ಟಿತ್ತು. ಧ್ವನಿ ಕೊಟ್ಟ ಕಲಾವಿದೆ ನುರಿತವರು; ನಾನು ಹೇಳುವುದಕ್ಕೆ ಮೊದಲೇ ಅವರು ಆ ಉಸಿರನ್ನು ಕೇಳಿದರು, ಇಂಜಿನಿಯರ್ ಸಿಂಕ್ ತಪ್ಪುತ್ತದೆಂದು ತಲೆ ಆಡಿಸಿದರು. ಒಂದು ಅರ್ಧ ಸೆಕೆಂಡ್. ಅದಕ್ಕೆ ಜಾಗವಿರಲಿಲ್ಲ. ಅದೇ ದೃಶ್ಯದ ಹಿಂದೆ ಡ್ರೋನ್ ಹಾರಿಸಿ ಹೊಲಗದ್ದೆ ತೋರಿಸುವುದಕ್ಕೆ ಧಾರಾಳ ಜಾಗವಿತ್ತು.

ಸಿನಿಮಾ ಬೇರೆ, ನಾಟಕ ಬೇರೆ ಎಂದು ನೀವು ಹೇಳುತ್ತೀರಿ. ಒಪ್ಪುತ್ತೇನೆ. ರಂಗದ ಮೇಲೆ ಮಾತು ಮಾಡುವ ಎಷ್ಟೋ ಕೆಲಸವನ್ನು ಕ್ಯಾಮೆರಾ ಸಲೀಸಾಗಿ ಮಾಡುತ್ತದೆ. ಇದು ಕಾಡು ಎಂದು ಪಾತ್ರ ಹೇಳಬೇಕಿಲ್ಲ, ಮರ ತೋರಿಸಿದರಾಯಿತು. ಜಪಾನಿನ ಅಕಿರ ಕುರೊಸಾವ 1957ರಲ್ಲಿ ಮ್ಯಾಕ್‌ಬೆತ್ ನಾಟಕವನ್ನು ‘ಥ್ರೋನ್ ಆಫ್ ಬ್ಲಡ್’ ಮಾಡಿದಾಗ ಷೇಕ್ಸ್‌ಪಿಯರನ ಪದ್ಯವನ್ನು ಪೂರ್ತಿ ಕೈಬಿಟ್ಟರು. ಬಿಟ್ಟ ಜಾಗವನ್ನು ಖಾಲಿ ಬಿಡಲಿಲ್ಲ. ಮಂಜು ಕವಿದ ಕಾಡು ತಂದರು. ತಮ್ಮ ನೆಲದ ನೋಹ್ ರಂಗಭೂಮಿಯ ಮುಖವಾಡದಂತಹ ಮುಖಗಳನ್ನು, ನಡಿಗೆಯನ್ನು, ಮೌನವನ್ನು ತಂದರು. ವಿಶಾಲ್ ಭಾರದ್ವಾಜ್ ಅವರ ‘ಓಂಕಾರ’ದಲ್ಲಿ (2006) ಒಥೆಲೊವಿನ ಕರವಸ್ತ್ರ ಸೊಂಟದ ಆಭರಣವಾಯಿತು. ಮದುವೆಯ ಮನೆಯಲ್ಲಿ ಸೊಸೆಗೆ ಕೊಡುವ ಒಡವೆ ಬೇರೆಯವರ ಕೈಯಲ್ಲಿ ಕಂಡರೆ ಏನಾದೀತೆಂದು ನಮ್ಮ ನೆಲದವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಹೀಗೆ ತೆಗೆದದ್ದಕ್ಕೆ ಸಮನಾದದ್ದನ್ನು ಇಡುವುದು ರೂಪಾಂತರ. ತೆಗೆದ ಜಾಗದಲ್ಲಿ ಹಿನ್ನೆಲೆ ಸಂಗೀತ ತುಂಬುವುದು ಸುಲಿಗೆ. ಮಾತು ಒರಟಾಯಿತೆಂದು ಗೊತ್ತು, ಹಿಂದೆಗೆದುಕೊಳ್ಳುವುದಿಲ್ಲ.

ಹೊರಗಿನ ಉದಾಹರಣೆಗಳೇಕೆ, ಕನ್ನಡ ಸಿನಿಮಾ ಹುಟ್ಟಿದ್ದೇ ನಾಟಕ ಕಂಪನಿಯ ಮಡಿಲಲ್ಲಿ. 1936ರ ‘ಸಂಸಾರ ನೌಕೆ’ ಎಚ್.ಎಲ್.ಎನ್. ಸಿಂಹ ಅವರ ನಾಟಕ. ರಾಜ್‌ಕುಮಾರ್ ಅವರನ್ನು ನಾಯಕರನ್ನಾಗಿ ಕೊಟ್ಟ 1954ರ ‘ಬೇಡರ ಕಣ್ಣಪ್ಪ’ ಗುಬ್ಬಿ ವೀರಣ್ಣನವರ ಕಂಪನಿಯ ರಂಗದಲ್ಲಿ ಪಳಗಿದ ನಾಟಕ. 1965ರ ‘ಸತ್ಯ ಹರಿಶ್ಚಂದ್ರ’ದ ಹಿಂದೆ ರಾಘವಾಂಕನ ಕಾವ್ಯವಿದೆ. 1977ರ ‘ಬಭ್ರುವಾಹನ’ದಲ್ಲಿ ತಂದೆ ಮಗ ಎದುರುಬದುರು ನಿಂತು ‘ಯಾರು ತಿಳಿಯರು ನಿನ್ನ ಭುಜಬಲದ ಪರಾಕ್ರಮ’ ಎಂದು ಹಾಡಿನಲ್ಲೇ ಕಾದಾಡುತ್ತಾರಲ್ಲ, ಅದು ಅಪ್ಪಟ ಕಂಪನಿ ನಾಟಕದ ಸವಾಲು ಜವಾಬು. ಟೆಂಟಿನ ನೆಲದಲ್ಲಿ ಕೂತು ಇದನ್ನು ನೋಡಿದವರಲ್ಲಿ ಎಷ್ಟೋ ಮಂದಿಗೆ ಓದು ಬರಹ ಬರುತ್ತಿರಲಿಲ್ಲ. ಆ ಹಾಡು ಅವರ ಬಾಯಲ್ಲಿ ನಿಂತಿತು, ಈಗಲೂ ಊರ ಗಣೇಶೋತ್ಸವದ ವೇದಿಕೆಗಳಲ್ಲಿ ಹುಡುಗರು ಅದನ್ನು ಅಭಿನಯಿಸುತ್ತಾರೆ. ಪದವಿ ಪಡೆದ ಇಂದಿನ ಪ್ರೇಕ್ಷಕನಿಗೆ ಅರ್ಥವಾಗದೆಂದು ನೀವು ಹೆದರುವ ಭಾಷೆ ಅದೇ.

ನೀನಾಸಂ ರಂಗಸಂಸ್ಥೆಯವರು ಎಪ್ಪತ್ತರ ದಶಕದಲ್ಲಿ ಹೆಗ್ಗೋಡಿನ ಅಡಿಕೆ ತೋಟದ ಜನರ ಮುಂದೆ ಜಗತ್ತಿನ ಶ್ರೇಷ್ಠ ಚಿತ್ರಗಳನ್ನು ತೋರಿಸಿದರು. ಭಾಷೆ ಬಾರದಿದ್ದರೂ ಜನ ಎದ್ದು ಹೋಗಲಿಲ್ಲ. ಇತ್ತೀಚಿನದು ಬೇಕೆಂದರೆ, 2022ರ ‘ಕಾಂತಾರ’ದ ಕೊನೆಯ ಭಾಗದಲ್ಲಿ ಭೂತಕೋಲದ ಕೂಗಿದೆ, ಹೆಜ್ಜೆಯಿದೆ, ವಿವರಣೆಯಿಲ್ಲ. ತುಳುನಾಡನ್ನು ಕಣ್ಣಿಂದ ನೋಡದವರೂ ಕುರ್ಚಿಯ ತುದಿಗೆ ಬಂದು ನೋಡಿದರು. ಪ್ರೇಕ್ಷಕ ಬಿಟ್ಟು ಹೋಗುತ್ತಾನೆಂಬ ಭಯವನ್ನು ಯಾರು ಯಾವಾಗ ಪರೀಕ್ಷೆಗೆ ಹಚ್ಚಿ ನೋಡಿದ್ದಾರೆಂದು ನನಗೆ ತಿಳಿಯದು. ಚರ್ಚೆಯ ಕೋಣೆಯಲ್ಲಿ ಅದು ಮಾತ್ರ ಪ್ರಶ್ನೆಯಿಲ್ಲದೆ ಕೂತಿರುತ್ತದೆ.

ಕವಿತೆಯ ವಿಚಾರಕ್ಕೆ ಬಂದರೆ ನಮ್ಮವರು ಮಾಡಿದ್ದು ಕಡಿಮೆಯಲ್ಲ. ‘ಬೆಳ್ಳಿಮೋಡ’ದಲ್ಲಿ (1967) ಬೇಂದ್ರೆಯವರ ‘ಮೂಡಲ ಮನೆಯ’ ಬಂತು, ‘ಶರಪಂಜರ’ದಲ್ಲಿ (1971) ಅವರದೇ ‘ಉತ್ತರಧ್ರುವದಿಂ ದಕ್ಷಿಣಧ್ರುವಕೂ’ ಬಂತು. ಗೋಪಾಲಕೃಷ್ಣ ಅಡಿಗರ ‘ಯಾವ ಮೋಹನ ಮುರಳಿ’ 1997ರ ‘ಅಮೆರಿಕಾ ಅಮೆರಿಕಾ’ ಚಿತ್ರಕ್ಕೆ ಬಂದಾಗ ಕವಿ ತೀರಿಕೊಂಡು ಐದು ವರ್ಷವಾಗಿತ್ತು. ಆ ಕವಿತೆಯ ದೂರ ತೀರಕ್ಕೆ ಭೂಪಟದಲ್ಲಿ ಜಾಗವಿಲ್ಲ, ಅದು ಮನಸ್ಸಿನ ತುಡಿತ. ಚಿತ್ರ ಅದನ್ನು ಕಡಲಾಚೆಗೆ ಹೋದವರ ಬದುಕಿನ ಪಕ್ಕದಲ್ಲಿ ಇಟ್ಟಿತು. ಒಂದು ಸಾಲನ್ನೂ ವಿವರಿಸದೆ, ಜಾಗ ಬದಲಿಸಿದ್ದರಿಂದಲೇ ಹೊಸ ಅರ್ಥ ಹುಟ್ಟಿತು. ವಿಮಾನ ಹತ್ತಿದ ಮಕ್ಕಳ ತಂದೆ ತಾಯಿ ಆ ಹಾಡನ್ನು ತಮ್ಮದೆಂದುಕೊಂಡರು. ಕವಿತೆಯನ್ನು ಸಿನಿಮಾಕ್ಕೆ ಒಗ್ಗಿಸುವುದೆಂದರೆ ಹೀಗೆ ಎಂದು ತರಗತಿಯಲ್ಲಿ ಹೇಳುತ್ತಿದ್ದೆ.

ಇದಕ್ಕಿಂತ ಕಷ್ಟದ ಕೆಲಸ ‘ಮೈಸೂರು ಮಲ್ಲಿಗೆ’ಯದು. ಕೆ.ಎಸ್. ನರಸಿಂಹಸ್ವಾಮಿಯವರ ಸಂಕಲನ ಬಂದದ್ದು 1942ರಲ್ಲಿ. ಅದರಲ್ಲಿ ಕಥೆ ಎಂಬುದಿಲ್ಲ. ಗಂಡ ಹೆಂಡಿರ ಸರಸ, ವಿರಸ, ತವರಿನ ದಾರಿ, ಬಳೆಗಾರ, ನಾದಿನಿ, ಹೀಗೆ ಬಿಡಿ ಬಿಡಿ ಚಿತ್ರ. ಟಿ.ಎಸ್. ನಾಗಾಭರಣ ಅವರು ಅದರಿಂದ ಸಿನಿಮಾ ಕಟ್ಟಿದರು, ಸಿ. ಅಶ್ವತ್ಥ್ ರಾಗ ಹಾಕಿದರು, ಗೀತರಚನೆಯ ರಾಷ್ಟ್ರಪ್ರಶಸ್ತಿ ಕವಿಗೇ ಬಂತು. ‘ರಾಯರು ಬಂದರು ಮಾವನ ಮನೆಗೆ’ ಹಾಡನ್ನು ನೆನೆಯಿರಿ. ಹೆಂಡತಿಯನ್ನು ಕಾಣಲು ರಾತ್ರಿ ಬಂದ ರಾಯರಿಗೆ ಆತಿಥ್ಯವೆಲ್ಲ ಸಿಗುತ್ತದೆ, ಪದುಮ ಮಾತ್ರ ಒಳಗಿಲ್ಲ. ಯಾಕಿಲ್ಲವೆಂದು ಕವಿ ಹೇಳುವುದಿಲ್ಲ. ಕೇಳುವವರು ಒಂದು ಕ್ಷಣ ತಡೆದು, ಓಹೋ ಎಂದು ತಾವೇ ನಗುತ್ತಾರೆ. ಇಂದು ಇದೇ ಪದ್ಯವನ್ನು ಚಿತ್ರಕ್ಕೆ ತಂದರೆ ಆ ನಗುವನ್ನು ನಮಗೆ ಬಿಡುತ್ತೀರಾ? ಹಾಸ್ಯನಟನೊಬ್ಬ ಬಂದು ಕಾರಣವನ್ನು ಗಟ್ಟಿಯಾಗಿ ಹೇಳಿ ಹೋಗುತ್ತಾನೆಂದು ನನಗೆ ಅನುಮಾನ. ಈಚಿನ ರೂಢಿಯಲ್ಲಿ ಪ್ರಸಿದ್ಧ ಕವಿತೆಯ ಮೊದಲ ಎರಡು ಸಾಲನ್ನು ಪಲ್ಲವಿಗೆ ಎತ್ತಿಕೊಂಡು ಚರಣವನ್ನು ಬೇರೆಯವರಿಂದ ಬರೆಸುವುದುಂಟು. ಹುಡುಗರು ಪರೀಕ್ಷೆಯಲ್ಲಿ ಆ ಚರಣವನ್ನೇ ಕವಿಯದೆಂದು ಬರೆದದ್ದನ್ನು ನಾನೇ ತಿದ್ದಿ ಸೊನ್ನೆ ಹಾಕಿದ್ದೇನೆ, ಪಾಪ.

ಗಿರೀಶ ಕಾರ್ನಾಡರ ‘ನಾಗಮಂಡಲ’ದಲ್ಲಿ ಊರ ಪಂಚರ ಮುಂದೆ ನಾಯಕಿ ರಾಣಿ ಹುತ್ತಕ್ಕೆ ಕೈ ಹಾಕಿ ಹಾವು ಹಿಡಿದು ಆಣೆ ಮಾಡುತ್ತಾಳೆ: ಗಂಡನನ್ನೂ ಈ ನಾಗನನ್ನೂ ಬಿಟ್ಟು ಬೇರಾವ ಗಂಡಸನ್ನೂ ಮುಟ್ಟಿಲ್ಲ ಎಂದು. ಅವಳ ಮಾತು ಅಕ್ಷರಶಃ ಸತ್ಯ, ಅವಳಿಗೇ ಪೂರ್ತಿ ತಿಳಿಯದ ಸತ್ಯ. ಊರಿಗೆ ಕೇಳಿಸುವುದು ಬೇರೆ, ನಮಗೆ ಕೇಳಿಸುವುದು ಬೇರೆ. ಗಂಡ ಅಪ್ಪಣ್ಣನನ್ನೂ ಅವನ ರೂಪದಲ್ಲಿ ಬರುವ ನಾಗನನ್ನೂ ಒಬ್ಬನೇ ನಟ ಮಾಡುವುದರಿಂದಲೇ ಆ ವಾಕ್ಯಕ್ಕೆ ಅಷ್ಟು ಬಲ. 1997ರಲ್ಲಿ ಅದು ಚಿತ್ರವಾದಾಗಲೂ ಎರಡೂ ಪಾತ್ರಗಳನ್ನು ಪ್ರಕಾಶ್ ರೈ ಅವರೇ ಮಾಡಿದರು. ಹಾವನ್ನು ಎಷ್ಟು ದೊಡ್ಡದು ಮಾಡಬೇಕು, ಹೆಡೆ ಹೇಗೆ ಹೊಳೆಯಬೇಕು ಎಂಬುದರ ಮೇಲೆ ಆ ದೃಶ್ಯ ನಿಂತಿಲ್ಲ. ಆ ಒಂದು ವಾಕ್ಯವನ್ನು ‘ಪಂಚ್’ ಮಾಡಿದರೆ ನಾಟಕವೇ ಬಿದ್ದುಹೋಗುತ್ತದೆ. ಪ್ರತಿ ಒಳ್ಳೆಯ ನಾಟಕದಲ್ಲೂ ಇಂತಹ ಒಂದೆರಡು ಜಾಗಗಳಿರುತ್ತವೆ. ನಾಟಕ ಆಡಿದವರಿಗೆ ಅವು ಎಲ್ಲಿವೆ ಎಂದು ಗೊತ್ತಿರುತ್ತದೆ, ಏಕೆಂದರೆ ತಪ್ಪಿದ ರಾತ್ರಿಗಳಲ್ಲಿ ಪ್ರೇಕ್ಷಕರ ಕೆಮ್ಮು ಅದನ್ನು ಕಲಿಸಿರುತ್ತದೆ.

ಆದ್ದರಿಂದ ನನ್ನ ಮೊದಲ ಬೇಡಿಕೆ: ಚಿತ್ರಕಥೆ ಬರೆಯುವ ಮುನ್ನ ಮೂಲವನ್ನು ಇಡೀ ತಂಡ ಒಟ್ಟಿಗೆ ಕೂತು ಗಟ್ಟಿಯಾಗಿ ಓದಲಿ. ನಿರ್ದೇಶಕರು, ಛಾಯಾಗ್ರಾಹಕರು, ಸಂಕಲನಕಾರರು, ಮುಖ್ಯ ನಟರು, ಎಲ್ಲರೂ. ಸಾಧ್ಯವಿದ್ದರೆ ಅದನ್ನು ಆಡಿದವರನ್ನು ಕರೆಸಿ ಒಮ್ಮೆ ಆಡಿಸಿ ನೋಡಲಿ. ಕಾವ್ಯವಾದರೆ ಗಮಕಿಗಳಿದ್ದಾರೆ; ಕುಮಾರವ್ಯಾಸನ ಒಂದು ಷಟ್ಪದಿಯನ್ನು ಅವರ ಬಾಯಲ್ಲಿ ಕೇಳಿದರೆ ದೃಶ್ಯ ಎಲ್ಲಿ ಕತ್ತರಿಸಬೇಕೆಂದು ಸಂಕಲನಕಾರರಿಗೇ ಹೊಳೆದೀತು. ಇದಕ್ಕೆ ತಗಲುವ ಖರ್ಚು ಒಂದು ದಿನದ ಕ್ರೇನ್ ಬಾಡಿಗೆಗಿಂತ ಹೆಚ್ಚಾಗಲಿಕ್ಕಿಲ್ಲ. ನಾನು ಕೆಲಸ ಮಾಡಿದ ಚಿತ್ರದಲ್ಲಿ ಹಾಡನ್ನು ಮೊದಲಿನಿಂದ ಕೊನೆಯವರೆಗೆ ಕೇಳಿದ್ದವರು ನಾನು, ಒಬ್ಬ ಸಹಾಯಕ ನಿರ್ದೇಶಕ, ಇಬ್ಬರೇ. ಮಿಕ್ಕವರ ಕೈಯಲ್ಲಿ ಒಂದು ಪುಟದ ಸಾರಾಂಶವಿತ್ತು.

ಎರಡನೆಯದು, ಭಾಷಾ ಸಲಹೆಗಾರನನ್ನು ಕರೆಯುವುದಾದರೆ ಕಥೆ ನಿರ್ಧಾರವಾಗುವ ಮುಂಚೆ ಕರೆಯಿರಿ. ಎಲ್ಲ ಮುಗಿದ ಮೇಲೆ ಅಲ್ಪಪ್ರಾಣ ಮಹಾಪ್ರಾಣ ತಿದ್ದಲು ಕರೆಯುವುದು ಮಣ್ಣಾದ ಮೇಲೆ ವೈದ್ಯರನ್ನು ಕರೆಸಿದ ಹಾಗೆ. ಅವರ ಮಾತನ್ನು ಒಪ್ಪಲೇಬೇಕೆಂದಿಲ್ಲ. ಒಪ್ಪದಿದ್ದರೆ ಯಾಕೆಂದು ಹೇಳಿ, ‘ಲ್ಯಾಗ್’ ಎಂಬ ಒಂದೇ ಮಾತಿನಿಂದ ಬಾಗಿಲು ಹಾಕಬೇಡಿ. ರಂಗಭೂಮಿಯ ನಟರನ್ನು ಬಾಗಿಲು ತೆರೆಯುವ ಕಾವಲುಗಾರನ, ಅಳುವ ನೆರೆಮನೆಯವಳ ಪಾತ್ರಕ್ಕೆ ಮೀಸಲಿಡುವುದನ್ನೂ ಇಲ್ಲಿಯೇ ಹೇಳಬೇಕು. ಮಾತೇ ಜೀವವಾಗಿರುವ ಕೃತಿಗೆ ಮಾತು ಬಲ್ಲ ನಟರು ಬೇಕು, ಆದಷ್ಟು ಮಟ್ಟಿಗೆ ಅವರವರ ಸ್ವಂತ ಧ್ವನಿಯಲ್ಲಿ.

ಹೆಸರು ಮತ್ತು ಹಣದ ವಿಷಯಕ್ಕೆ ಕಾನೂನು ಇದೆ. 1957ರ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಲೇಖಕ ತೀರಿಕೊಂಡ ಮೇಲೂ 60 ವರ್ಷ ಹಕ್ಕು ಉಳಿಯುತ್ತದೆ. 1981ರಲ್ಲಿ ತೀರಿಕೊಂಡ ಬೇಂದ್ರೆಯವರ ಕವಿತೆಗಳಿಗೆ 2041ರ ಕೊನೆಯವರೆಗೆ, 1994ರಲ್ಲಿ ತೀರಿಕೊಂಡ ಕುವೆಂಪು ಅವರವಕ್ಕೆ 2054ರ ಕೊನೆಯವರೆಗೆ ಅನುಮತಿ ಬೇಕು. ಹಕ್ಕನ್ನು ಮಾರಿದ ಮೇಲೂ ಕೃತಿ ತನ್ನದೆಂದು ಹೇಳುವ, ತನ್ನ ಹೆಸರಿಗೆ ಕುಂದು ತರುವಂತೆ ತಿರುಚಿದರೆ ಆಕ್ಷೇಪಿಸುವ ಅಧಿಕಾರವನ್ನು ಅದೇ ಕಾಯ್ದೆಯ 57ನೆಯ ಕಲಂ ಲೇಖಕನಿಗೆ ಕೊಟ್ಟಿದೆ. ಪುಸ್ತಕದಂಗಡಿಯಲ್ಲಿ ಸಿಕ್ಕಿತು, ಎಲ್ಲರೂ ಹಾಡುತ್ತಾರೆ, ಹಾಗಾಗಿ ಎಲ್ಲರದು ಎಂಬ ತರ್ಕ ನಿಲ್ಲುವುದಿಲ್ಲ. ಹೆಸರನ್ನು ಚಿತ್ರದ ಆರಂಭದಲ್ಲೇ ಹಾಕಿ. ಜನ ಎದ್ದು ಚಪ್ಪಲಿ ಹುಡುಕುವ ಹೊತ್ತಿನಲ್ಲಿ ಓಡುವ ಪಟ್ಟಿಯಲ್ಲಿ ಬೇಡ. ಜನಪದ ಹಾಡಿಗೆ ಇಂತಹ ಕಾಯ್ದೆಯ ಆಸರೆಯಿಲ್ಲ. ಅಲ್ಲಿ ಕಲಿಸಿದವರ ಹೆಸರು, ಊರು ಹಾಕುವುದು, ಸ್ಟುಡಿಯೋ ಗಾಯಕರಿಗೆ ಕೊಡುವಷ್ಟಾದರೂ ಸಂಭಾವನೆ ಕೊಡುವುದು ನಿಮ್ಮ ಮರ್ಯಾದೆಗೆ ಬಿಟ್ಟದ್ದು. ಆ ಹೆಂಗಸರಿಗೆ ಇನ್ನೂ ಯಾರೂ ಏನೂ ಕೊಟ್ಟಿಲ್ಲ.

ಯಾವ ಕವಿಯ ಹಕ್ಕು ಯಾರ ಬಳಿ ಇದೆಯೆಂದು ಹುಡುಕುವುದೇ ಕಷ್ಟ ಎಂದು ಒಬ್ಬ ನಿರ್ಮಾಪಕರು ನನ್ನೊಡನೆ ಗೋಳಾಡಿದ್ದರು. ಅದರಲ್ಲಿ ಸತ್ಯವಿದೆ. ಮೊಮ್ಮಕ್ಕಳು ಬೇರೆ ಬೇರೆ ದೇಶದಲ್ಲಿರುತ್ತಾರೆ, ಪ್ರಕಾಶನ ಮುಚ್ಚಿಹೋಗಿರುತ್ತದೆ. ಚಲನಚಿತ್ರ, ನಾಟಕ, ಸಾಹಿತ್ಯ, ಮೂರಕ್ಕೂ ನಮ್ಮಲ್ಲಿ ಅಕಾಡೆಮಿಗಳಿವೆ. ಮೂವರೂ ಕೂತು ಹಕ್ಕುದಾರರ ಒಂದು ಪಟ್ಟಿ ತಯಾರಿಸಿದರೆ ಆಗುತ್ತದೆ. ನೀವು ನಿರ್ಮಾಪಕರು ಒಟ್ಟಾಗಿ ಕೇಳಿದರೆ ಅವರು ಮಾಡಿಯಾರು. ನಾವು ರಂಗಭೂಮಿಯವರು ಕೇಳಿದರೆ ಮನವಿ ಸ್ವೀಕರಿಸಿ ಫೋಟೊ ತೆಗೆಸಿಕೊಳ್ಳುತ್ತಾರೆ.

ಅನುಮತಿಯ ತಾಪತ್ರಯವೇ ಬೇಡ ಎನ್ನುವವರಿಗೂ ದಾರಿಯಿದೆ. ಸಂಸರು ತೀರಿಕೊಂಡದ್ದು 1939ರಲ್ಲಿ, ಕೈಲಾಸಂ ಮತ್ತು ಬಿ.ಎಂ. ಶ್ರೀಕಂಠಯ್ಯ 1946ರಲ್ಲಿ. ಅವರ ನಾಟಕಗಳು ಈಗ ಎಲ್ಲರಿಗೂ ಮುಕ್ತ. ಸಂಸರ ‘ವಿಗಡ ವಿಕ್ರಮರಾಯ’ದಲ್ಲಿ ಮೈಸೂರು ಅರಮನೆಯ ದಳವಾಯಿಯ ಸಂಚಿದೆ, ಅಧಿಕಾರದ ಹಸಿವಿದೆ, ವೆಬ್ ಸರಣಿಗಾಗಿ ನೀವು ಎಲ್ಲೆಲ್ಲೋ ಹುಡುಕುವ ಸರಕು ಅದು. ಕೈಲಾಸಂ ಅವರ ‘ಟೊಳ್ಳುಗಟ್ಟಿ’ಯಲ್ಲಿ ಪರೀಕ್ಷೆಗೆಂದೇ ಬೆಳೆದ ಪುಟ್ಟುವೂ ಓದಿನಲ್ಲಿ ಹಿಂದೆ ಬಿದ್ದ ಮಾಧುವೂ ಒಂದೇ ಮನೆಯಲ್ಲಿದ್ದಾರೆ. ಕೋಚಿಂಗ್ ಸೆಂಟರುಗಳ ಈ ಕಾಲದಲ್ಲಿ ಅದಕ್ಕೆ ಹೊಸ ಬಟ್ಟೆ ತೊಡಿಸುವುದು ಕಷ್ಟವೇ? ಬಿ.ಎಂ.ಶ್ರೀ ಅವರು ಸೊಫೊಕ್ಲಿಸನ ‘ಅಯಾಸ್’ ನಾಟಕವನ್ನು ‘ಅಶ್ವತ್ಥಾಮನ್’ ಮಾಡಿದರಲ್ಲ, ಗ್ರೀಕ್ ವೀರನ ಸಿಟ್ಟಿಗೂ ಅವಮಾನಕ್ಕೂ ಮಹಾಭಾರತದಲ್ಲಿ ಸರಿಸಾಟಿಯಾದವನನ್ನು ಹುಡುಕಿ ಕೂರಿಸಿದರು. ರೂಪಾಂತರದ ಪಾಠ ಬೇಕಿದ್ದವರು ಆ ನಾಟಕವನ್ನು ಮೂಲದ ಪಕ್ಕದಲ್ಲಿಟ್ಟುಕೊಂಡು ಓದಿದರೆ ಸಾಕು.

ನಮ್ಮ ‘ಕೆರೆಗೆ ಹಾರ’ದ ರಂಗಪಠ್ಯ, ಹಾಡಿನ ಧ್ವನಿಮುದ್ರಣ ಎರಡೂ ತಂಡದ ಬಳಿ ಇವೆ. ಇನ್ನೊಂದು ಸಿನಿಮಾ ಮಾಡಬೇಕೆಂದು ಯಾರಿಗಾದರೂ ಅನ್ನಿಸಿದರೆ ಕೊಡಲು ಸಿದ್ಧ. ಹಣ ಬೇಡ. ಆ ಹೆಂಗಸರ ಅನುಮತಿ ಕೇಳಬೇಕು, ಅವರ ಹೆಸರು ಮೊದಲು ಬರಬೇಕು, ಐದು ಮೆಟ್ಟಿಲು ಐದಾಗಿಯೇ ಉಳಿಯಬೇಕು. ಕೊನೆಯನ್ನು ಬದಲಿಸುವ ವಿಚಾರವಿದ್ದರೆ ನಮ್ಮ ತಂಡದ ಹುಡುಗಿಯರೊಡನೆ ಕೂತು ಜಗಳವಾಡಿ. ಅವರ ಹತ್ತಿರ ನಿಮ್ಮದಕ್ಕಿಂತ ಒಳ್ಳೆಯ ಕೊನೆಗಳಿವೆ.

ಇಂತಿ ತಮ್ಮ ವಿಶ್ವಾಸಿ,
ಒಬ್ಬ ನಿವೃತ್ತ ಕನ್ನಡ ಅಧ್ಯಾಪಕ ಮತ್ತು ಹವ್ಯಾಸಿ ರಂಗಕರ್ಮಿ